ಮಿಣಸಲು: ಅರ್ಥ ಮತ್ತು ಬಳಕೆ

ಮೀನನ್ನು ಮುಟ್ಟಿಯೂ ನೋಡದ ಮನೆಯಲ್ಲಿ ಹುಟ್ಟಿದವಳು ನಾನು. ಶಿಕಾರಿಪುರದ ಪೇಟೆಯಲ್ಲಿ ನಮ್ಮದು ಕಿರಾಣಿ ಅಂಗಡಿ. ಹಣೆಗೆ ವಿಭೂತಿ ಹಚ್ಚದೆ ನಮ್ಮಪ್ಪ ಬಾಗಿಲು ತೆಗೆಯುತ್ತಿರಲಿಲ್ಲ. ಅಂಥವಳ ಹೆಸರು ಇವತ್ತು ಮೀನಿನ ಪದಕೋಶವೊಂದರ ಮೊದಲ ಪುಟದಲ್ಲಿದೆ. "ಬದನೆಕಾಯಿ ಬಿಟ್ಟು ಬೇರೆ ಏನೂ ಹೆಚ್ಚಿದಾಕಿ ಅಲ್ಲ, ಈಗ ಮೀನಿನ ಪಂಡಿತೆ ಆಗ್ಯಾಳ ನೋಡ್ರಿ" ಎಂದು ನನ್ನ ಗಂಡ ಮನೆಗೆ ಬಂದವರಿಗೆಲ್ಲ ಹೇಳಿ ನಗುತ್ತಾರೆ. ನಾನೂ ನಗುತ್ತೇನೆ. ಆದರೆ ಆ ಪುಸ್ತಕದಲ್ಲಿ ಒಂದು ಪದವಿದೆ, ಅದು ನೆನಪಾದರೆ ನಗು ಅರ್ಧಕ್ಕೇ ನಿಲ್ಲುತ್ತದೆ. ಇದು ನಾಚಿಕೆಯ ಸಂಗತಿ ಎಂದು ಈಗಲೇ ಹೇಳಿಬಿಡುತ್ತೇನೆ. ಆಮೇಲೆ ಹೇಳಲು ಧೈರ್ಯ ಸಾಲದೆ ಹೋಗಬಹುದು.

ಸೊರಬದ ಕಡೆಯ ಪ್ರೌಢಶಾಲೆಯೊಂದರಲ್ಲಿ ನಾನು ವಿಜ್ಞಾನ ಹೇಳಿಕೊಡುತ್ತೇನೆ. ದಿನಾ ಶಿಕಾರಿಪುರದಿಂದ ಬಸ್ಸು. ಕೆಲವು ವರ್ಷಗಳ ಹಿಂದೆ, ಮಕ್ಕಳಿಗಾಗಿ ಮೀನುಗಳ ಸಚಿತ್ರ ಪದಕೋಶ ತರಬೇಕೆಂದು ಹೊರಟಿದ್ದ ಸಂಪಾದಕರೊಬ್ಬರು ಬೇರೆ ಬೇರೆ ಜಿಲ್ಲೆಗಳ ಮೇಷ್ಟ್ರುಗಳನ್ನು ಸೇರಿಸಿ ವಾಟ್ಸಾಪ್ ಗುಂಪು ಮಾಡಿದರು. ನಾನೂ ಸೇರಿದೆ. ಪುಸ್ತಕ ನೋಡಿ ಬರೆಯಬೇಡಿ, ನಿಮ್ಮೂರಿನ ಜನ ಆಡುವ ಹೆಸರುಗಳನ್ನೇ ತನ್ನಿ ಎಂಬುದು ಅವರ ಶರತ್ತು. ಪ್ರತಿ ಮೀನಿಗೂ ಒಂದು ನಮೂನೆ, ಅದರಲ್ಲಿ ನಾಲ್ಕು ಕಲಂ: ಪದ, ಅರ್ಥ, ಬಳಕೆ, ಹೇಳಿದವರು.

ಹೇಳುವವರನ್ನು ಹುಡುಕಿಕೊಂಡು ಹೋಗಿ ನಾನು ಕೂತದ್ದು ಚಂದ್ರಗುತ್ತಿ ದಾರಿಯ ಊರೊಂದರಲ್ಲಿ, ಒಬ್ಬ ಅಜ್ಜಿಯ ಅಂಗಳದಲ್ಲಿ. ಅವರ ಸೊಸೆ ನಮ್ಮ ಶಾಲೆಯಲ್ಲಿ ಬಿಸಿಯೂಟದ ಅಡುಗೆ ಮಾಡುತ್ತಿದ್ದರು, ಹಾಗೆ ಪರಿಚಯ. ಅಜ್ಜಿ ಕುಣಿ ಹೆಣೆಯುತ್ತಿದ್ದರು. ಬೇಸಿಗೆಯಲ್ಲಿ ಕೆರೆಯ ನೀರು ಮೊಣಕಾಲಿಗೆ ಇಳಿದಾಗ ನಮ್ಮ ಕಡೆ ಕೆರೆಬೇಟೆ ಆಗುತ್ತದೆ. ಸುತ್ತಲಿನ ಊರಿನವರೆಲ್ಲ ಒಂದೇ ಸಲ ನೀರಿಗೆ ನುಗ್ಗುತ್ತಾರೆ. ಆಗ ಅವರ ಕೈಯಲ್ಲಿರುವ, ತಳವಿಲ್ಲದ ಬಿದಿರಿನ ಬುಟ್ಟಿಯೇ ಕುಣಿ. ಅದನ್ನು ಕೆಸರಿಗೆ ಊರಿ, ಮೇಲಿನ ಬಾಯಿಂದ ಕೈ ಹಾಕಿ, ಒಳಗೆ ಸಿಕ್ಕಿಬಿದ್ದ ಮೀನು ಹಿಡಿಯುವುದು.

ಅಜ್ಜಿ ಬಿದಿರು ಸೀಳುತ್ತಾ ಹೇಳುತ್ತಿದ್ದರು, ನಾನು ಬರೆದುಕೊಳ್ಳುತ್ತಿದ್ದೆ. ಕೊರವ, ಗಿರ್ಲು, ಚೇಳುಮೀನು, ಹಾವುಮೀನು. ಯಾವುದು ಕೆಸರಲ್ಲಿ ಹುದುಗುತ್ತದೆ, ಯಾವುದರ ಮುಳ್ಳು ಚುಚ್ಚಿದರೆ ಮೂರು ದಿನ ಕೈ ಊದುತ್ತದೆ, ಎಲ್ಲ ಹೇಳುತ್ತಿದ್ದರು. ಮೊದಮೊದಲು ಒಳಗಿನಿಂದ ಬರುವ ಸಾರಿನ ವಾಸನೆಗೆ ನಾನು ಸೆರಗನ್ನು ಮೂಗಿನ ಹತ್ತಿರ ತಂದುಕೊಳ್ಳುತ್ತಿದ್ದೆ. ಅಜ್ಜಿ ನೋಡಿಯೂ ನೋಡದವರಂತೆ ಇದ್ದರು. ನಾನು ಬರುವ ದಿನ ಮೀನು ಬೇಯಿಸಬೇಡ ಎಂದು ಸೊಸೆಗೆ ಹೇಳಿದ್ದರಂತೆ, ಅದು ನನಗೆ ಗೊತ್ತಾದದ್ದು ಎಷ್ಟೋ ತಿಂಗಳ ಮೇಲೆ.

ಪದದ ವಿಷಯದಲ್ಲಿ ಅಜ್ಜಿ ಬಹಳ ಕಟ್ಟುನಿಟ್ಟು. ಒಂದು ಸಲ ಒಣಮೀನಿನ ಒಂದು ಹೆಸರು ಹೇಳಿದರು, ಬರೆದುಕೊಂಡೆ. ಮುಂದಿನ ವಾರ ನಾನು ಚಪ್ಪಲಿ ಬಿಡುವಷ್ಟರಲ್ಲಿ ಶುರು ಮಾಡಿದರು.

"ಅಕ್ಕೋರೆ, ಆವತ್ತು ಒಂದು ಹೆಸ್ರು ಹೇಳಿದ್ನಲ್ಲ, ಅದು ನಂದಲ್ಲ. ಪೇಟೆಗೆ ಮಾರಕ್ಕೆ ಬರ್ತಾರಲ್ಲ, ಅವ್ರು ಅನ್ನದು. ಹೊಡ್ದಾಕಿ."

"ಇರಲಿ ಬಿಡಿ ಅಜ್ಜಿ, ಪದ ಚೆನ್ನಾಗಿದೆ."

"ಚೆನಾಗೈತೆ ಅಂತ ಇನ್ನೊಬ್ರದ್ದು ನಂದು ಅನ್ನಕ್ಕಾಗ್ತೈತಾ? ಹೊಡ್ದಾಕಿ."

ಪೆನ್ನು ತೆಗೆದು ಹೊಡೆದು ಹಾಕುವ ತನಕ ಅವರು ಬಿದಿರು ಮುಟ್ಟಲಿಲ್ಲ.

ಗುಂಪಿನಲ್ಲಿ ನನ್ನ ಪದಗಳಿಗೆ ಒಳ್ಳೆಯ ಹೆಸರು ಬಂತು. ಸಂಪಾದಕರು ಎಲ್ಲರ ಮುಂದೆ ಹೊಗಳುತ್ತಿದ್ದರು. ಹೊಗಳಿಕೆಯ ಆಸೆ ಕೆಟ್ಟದ್ದು; ಬಸ್ಸಿನಲ್ಲಿ ಸೀಟು ಸಿಗದಿದ್ದರೂ ನಿಂತುಕೊಂಡೇ ಫೋನು ತೆಗೆದು, ಯಾರು ಏನು ಬರೆದರು ಎಂದು ನೋಡುವ ಚಟ ಹತ್ತಿತು.

ಕೊನೆಗೆ ಸಮುದ್ರದ ಮೀನುಗಳ ಸರದಿ. ಒಂದು ದಿನ ಸಂಪಾದಕರು ಚಿತ್ರವೊಂದನ್ನು ಹಾಕಿದರು. ಹವಳದ ದಿಬ್ಬದ ಕೊಂಬೆಗಳ ಸಂದಿಯಲ್ಲಿ ಹೆಬ್ಬೆರಳಿನಷ್ಟು ಪುಟ್ಟ ನೀಲಿ ಮೀನು. ಇಂಗ್ಲಿಷಿನಲ್ಲಿ ಇದಕ್ಕೆ ಈಗ ಯಾರೂ ಹೆಚ್ಚು ಬಳಸದ ಹಳೆಯ ಹೆಸರೊಂದಿದೆ, ಅದರ ಮೂಲ ಅರ್ಥ 'ಕನ್ಯೆ'. ಆದರೆ ಈ ಕನ್ಯೆ ಭಾರೀ ಜಗಳಗಂಟಿ, ತನ್ನ ಅಂಗೈಯಗಲದ ಪಾಚಿಯ ಜಾಗಕ್ಕೆ ದೊಡ್ಡ ಮೀನು ಬಂದರೂ ಅಟ್ಟಿಸಿಕೊಂಡು ಹೋಗುತ್ತದೆ ಎಂದು ಬರೆದಿದ್ದರು. ಕನ್ನಡದಲ್ಲಿ ಏನನ್ನೋಣ? ಕರಾವಳಿಯ ಮೇಷ್ಟ್ರುಗಳೇ ಸುಮ್ಮನಿದ್ದರು. ಅಷ್ಟು ಸಣ್ಣದು ಬಲೆಗೂ ಬೀಳುವುದಿಲ್ಲ, ಹೆಸರೆಲ್ಲಿಂದ ಬರಬೇಕು ಎಂದು ಒಬ್ಬರು ಬರೆದರು.

ಮೂರನೆಯ ದಿನ ನಾನು 'ಮಿಣಸಲು' ಎಂದು ಬರೆದೆ.

ಅಂಥ ಪದ ಇಲ್ಲ. ಶಿರಾಳಕೊಪ್ಪದಲ್ಲಿ ಬಸ್ಸು ನಿಂತಿದ್ದಾಗ ಹೊಳೆಯಿತು, ಕಿವಿಗೆ ಹಿತವಾಗಿತ್ತು, ಬರೆದೆ. ನನ್ನ ಪದವೆಂದೇ ಹೇಳಿದ್ದರೆ ತಪ್ಪೇನೂ ಇರಲಿಲ್ಲ. ಹೊಸ ಪದ ಕಟ್ಟಬಾರದೆಂದು ಯಾರೂ ಹೇಳಿಲ್ಲ. ಆದರೆ ಟೀಚರೊಬ್ಬಳು ಬಸ್ಸಿನಲ್ಲಿ ಕಟ್ಟಿದ ಪದಕ್ಕೆ ಯಾರು ಬೆರಗಾಗುತ್ತಾರೆ? ನನಗೆ ಬೆರಗು ಬೇಕಿತ್ತು. ನಮೂನೆ ತುಂಬಿದೆ. ಅರ್ಥ: ಕೆರೆ ಏರಿಯ ಕಲ್ಲುಸಂದಿಯಲ್ಲಿರುವ ಸಣ್ಣ ಮೀನು, ಹವಳದ ಸಂದಿಯ ಮೀನಿಗೂ ಹೊಂದುತ್ತದೆ. ಹೇಳಿದವರು ಎಂಬಲ್ಲಿ ಅಜ್ಜಿಯ ಹೆಸರು ಬರೆದೆ. ಬರೆಯುವಾಗ ಕೈ ನಡುಗಲಿಲ್ಲ, ಅದನ್ನೂ ಹೇಳಬೇಕು.

ಗುಂಪಿಗೆ ಗುಂಪೇ ಚಪ್ಪಾಳೆಯ ಚಿತ್ರ ಕಳಿಸಿತು. ಸಂಪಾದಕರು ಫೋನನ್ನೇ ಮಾಡಿದರು. "ಒಳನಾಡಿನ ಕೆರೆಯ ಪದವೊಂದು ಸಮುದ್ರಕ್ಕೆ ಹೋಗುತ್ತಿದೆ ಮೇಡಂ, ಇದಕ್ಕಿಂತ ಸಂತೋಷ ಏನಿದೆ? ಆ ಅಜ್ಜಿಯ ಬಾಯಿಂದಲೇ ಕೇಳಬೇಕು, ನಾನು ಬರುತ್ತೇನೆ" ಎಂದರು. ಅಜ್ಜಿಗೆ ವಯಸ್ಸಾಗಿದೆ, ಹುಷಾರಿಲ್ಲ ಎಂದೆಲ್ಲ ಹೇಳಿ ನೋಡಿದೆ. ಹಾಗಾದರೆ ಬೇಗ ಬರಬೇಕು ಎಂದು ಮುಂದಿನ ಶನಿವಾರವೇ ಬಂದರು.

ಅವರಿಗಿಂತ ಮೊದಲೇ ಹೋಗಿ ಅಜ್ಜಿಯ ಕಾಲು ಹಿಡಿಯಬಹುದಿತ್ತು. ಮನಸ್ಸು ಬರಲಿಲ್ಲ. ಪದಗಳ ರಾಶಿಯಲ್ಲಿ ಅದೊಂದನ್ನೇ ಯಾಕೆ ಕೇಳುತ್ತಾರೆ, ಮರೆತಿರಬಹುದು ಎಂದುಕೊಂಡೆ. ಅವರು ಮರೆತಿರಲಿಲ್ಲ. ಅಂಗಳದಲ್ಲಿ ಚಾಪೆಯ ಮೇಲೆ ಕೂತು, ರೆಕಾರ್ಡರನ್ನು ಅಜ್ಜಿಯ ಮುಂದಿಟ್ಟು, ಚಹಾ ಬರುವ ಮೊದಲೇ ಕೇಳಿದರು: "ಅಜ್ಜಿ, ಮಿಣಸಲು ಅಂತ ಒಂದು ಮೀನಿದೆಯಂತಲ್ಲ, ನೀವೇ ಹೇಳಿದ್ದಂತೆ?"

ಅಜ್ಜಿ ಅವರನ್ನು ನೋಡಿದರು. ಆಮೇಲೆ ನನ್ನನ್ನು ನೋಡಿದರು. ನಾನು ಸೆರಗಿನ ತುದಿಯನ್ನು ಬೆರಳಿಗೆ ಸುತ್ತುತ್ತಾ ನೆಲ ನೋಡುತ್ತಿದ್ದೆ. ಅವರು ಇಲ್ಲ ಎಂದರೆ ನನ್ನ ಮರ್ಯಾದೆ ಅಲ್ಲೇ ಹೋಗುತ್ತಿತ್ತು, ಅದು ಹೋಗಬೇಕಾದದ್ದೇ ಆಗಿತ್ತು.

"ಹ್ಞೂಂ, ಅಂತೀವಪ್ಪ" ಎಂದರು ಅಜ್ಜಿ.

"ಹೇಗಿರುತ್ತದೆ?"

"ಸಣ್ಕೆ ಇರ್ತೈತೆ. ಕಣ್ಣಿಗೆ ಕಾಣ್ತೈತೆ, ಕೈಗೆ ಸಿಗಲ್ಲ."

ಸಂಪಾದಕರು ಆ ಮಾತನ್ನು ಎರಡೆರಡು ಸಲ ಹೇಳಿಕೊಂಡು ಬರೆದುಕೊಂಡರು. ಇದನ್ನೇ ಬಳಕೆಯ ವಾಕ್ಯವಾಗಿ ಹಾಕೋಣ ಎಂದರು. ಇನ್ನೊಬ್ಬರ ಪದವನ್ನು ತನ್ನದೆನ್ನಲು ಒಪ್ಪದೆ ಹೊಡೆದು ಹಾಕಿಸಿದ ಬಾಯಿ ಅದು. ಆ ಬಾಯಲ್ಲಿ ನಾನು ಸುಳ್ಳು ಆಡಿಸಿದ್ದೆ. ಭೂಮಿ ಬಾಯಿ ಬಿಡಬಾರದೇ ಎಂದು ಜನ ಅನ್ನುವುದು ಯಾಕೆಂದು ಅವತ್ತು ಗೊತ್ತಾಯಿತು.

ಸಂಪಾದಕರ ಕಾರು ತಿರುವು ದಾಟಿತು. ಅಜ್ಜಿ ಕತ್ತಿ ಕೈಗೆ ತೆಗೆದುಕೊಂಡು ಕೇಳಿದರು.

"ಅದ್ರ ಅರ್ಥ ಎಂತದು ಅಕ್ಕೋರೆ? ನಾಳೆ ಮತ್ತೆ ಯಾರಾರು ಬಂದು ಕೇಳಿದ್ರೆ ಹೇಳ್ಬೇಕಲ್ಲ."

ಬೈದಿದ್ದರೆ ತಡೆದುಕೊಳ್ಳುತ್ತಿದ್ದೆ. ಹೇಳಿದೆ. ಸಮುದ್ರದಲ್ಲಿ ಹವಳದ ದಿಬ್ಬಗಳಿರುತ್ತವೆ, ಅವುಗಳ ಸಂದಿಯ ಮೀನು ಎಂದೆ.

"ಹವಳ ಅಂದ್ರೆ ಸರಕ್ಕೆ ಪೋಣಿಸ್ತಾರಲ್ಲ, ಅದಾ? ಅದ್ರಾಗೆ ಮೀನು ಇರ್ತಾವಾ?" ಅಜ್ಜಿ ಕತ್ತಿ ಕೆಳಗಿಟ್ಟರು. "ನಾನು ಸಮುದ್ರ ಕಂಡೋಳೇ ಅಲ್ಲ."

ಕ್ಷಮಿಸಿ ಎಂಬ ಮಾತು ನಾಲಿಗೆಯ ತುದಿಗೆ ಬಂದಿತ್ತು. ಬಸ್ಸಿಗೆ ಹೊತ್ತಾಯಿತು ಎಂದು ಎದ್ದೆ.

ಪುಸ್ತಕ ಅಚ್ಚಾಗಿ ಬಂದದ್ದು ಮುಂದಿನ ವರ್ಷ. ಅದುವರೆಗೆ ನಾನು ಆ ಕಡೆ ತಲೆ ಹಾಕಲಿಲ್ಲ. ಪರೀಕ್ಷೆ, ತರಬೇತಿ ಎಂದು ಅಜ್ಜಿಯ ಸೊಸೆಯ ಹತ್ತಿರ ನೆಪ ಹೇಳಿ ಕಳಿಸುತ್ತಿದ್ದೆ. ಪುಸ್ತಕದ ಒಂದು ಪ್ರತಿ ಕೊಡಲೇಬೇಕಿತ್ತು, ಹೋದೆ. ಅಜ್ಜಿಗೆ ಓದು ಬಾರದು. ತಮ್ಮ ಹೆಸರಿರುವ ಪದಗಳನ್ನೆಲ್ಲ ಓದಿಸಿಕೊಂಡರು. ಒಂದೊಂದಕ್ಕೂ ತಲೆಯಾಡಿಸಿದರು, ಗಿರ್ಲಿನ ಚಿತ್ರಕ್ಕೆ ಬಾಲ ಉದ್ದವಾಯಿತು ಎಂದರು. ಮಿಣಸಲಿನ ಪುಟ ಬಂದಾಗ ನಾನು ಎರಡು ಹಾಳೆ ಒಟ್ಟಿಗೆ ಮಗುಚಿದೆ.

"ನಾ ಸುಳ್ಳು ಹೇಳಿದ್ದು ಎಲ್ಲೈತೆ ಅಕ್ಕೋರೆ? ಅದ್ನೂ ಓದಿ."

ಹಿಂದಕ್ಕೆ ತಿರುಗಿಸಿ ಓದಿದೆ. ಪದ, ಅರ್ಥ, ಬಳಕೆ. ಹೇಳಿದವರು ಎಂಬಲ್ಲಿಗೆ ಬಂದು ನಿಲ್ಲಿಸಿದೆ.

"ಸುಳ್ಳು ನನ್ನದು ಅಜ್ಜಿ, ನಿಮ್ಮದಲ್ಲ. ತಪ್ಪಾಯಿತು" ಎಂದೆ. ಒಂದು ವರ್ಷ ತಡವಾಗಿ.

"ಹೆಸ್ರು ನಂದೈತಲ್ಲ" ಎಂದರು. "ಹೊಡ್ದಾಕಿ."

ಉತ್ತರಪತ್ರಿಕೆ ತಿದ್ದುವ ಕೆಂಪು ಪೆನ್ನು ಬ್ಯಾಗಿನಲ್ಲಿತ್ತು. 'ಮಿಣಸಲು' ಎಂಬುದರ ಮೇಲೆ ಗೆರೆ ಎಳೆಯಲು ಹೋದಾಗ ಅಜ್ಜಿ ನನ್ನ ಕೈ ಹಿಡಿದರು.

"ಮೀನು ಇದ್ರೆ ಇರ್ಲಿ, ಪಾಪ. ಅದೇನು ಮಾಡೈತೆ? ನನ್ ಹೆಸ್ರು ಹೊಡ್ದು ನಿಮ್ದು ಬರೀರಿ."

ಅವರ ಹೆಸರನ್ನು ಹೊಡೆದು ಪಕ್ಕದಲ್ಲಿ ನನ್ನದನ್ನು ಬರೆದೆ. ಓದಿ ಎಂದರು. ಓದಿದೆ: ಹೇಳಿದವರು, ಮತ್ತು ನನ್ನ ಹೆಸರು. ಇನ್ನೊಂದು ಸಲ ಓದಿಸಿ ಕೇಳಿಕೊಂಡು, ಪುಸ್ತಕವನ್ನು ಮಡಿಲಿಗೆ ತೆಗೆದುಕೊಂಡರು.

ಅವತ್ತೇ ಸಂಪಾದಕರಿಗೆ ಎಲ್ಲವನ್ನೂ ಬರೆದು ಕಳಿಸಿದೆ. ಪದ ಚೆನ್ನಾಗಿದೆ, ಇರಲಿ, ಹೆಸರಿನ ವಿಚಾರ ಮುಂದಿನ ಮುದ್ರಣದಲ್ಲಿ ನೋಡೋಣ ಎಂದು ಉತ್ತರ ಬಂತು. ಮುಂದಿನ ಮುದ್ರಣ ಇನ್ನೂ ಆಗಿಲ್ಲ. ನಮ್ಮ ಶಾಲೆಯ ಲೈಬ್ರರಿಯ ಪ್ರತಿಯನ್ನು ನಾನೇ ತಿದ್ದಿದ್ದೇನೆ. ಉಳಿದ ಶಾಲೆಗಳ ಪ್ರತಿಗಳಲ್ಲಿ ಮಕ್ಕಳು ಈಗಲೂ ಓದುತ್ತಿರುವುದು ಅಜ್ಜಿಯ ಹೆಸರನ್ನೇ.