ಪಕ್ಕೀರವ್ವ ನಿಂತ ಜಾಮೀನು

ಸಿದ್ದಾಪುರದ ಸರಕಾರಿ ಶಾಲೆಯಲ್ಲಿ ಬಿಸಿಯೂಟ ಮಾಡುವ ಪಕ್ಕೀರವ್ವನ ಬಾಯಿ ಖಾರ, ಸಾರು ಸಪ್ಪೆ ಎಂದು ಊರೆಲ್ಲ ಆಡಿಕೊಳ್ಳುತ್ತದೆ. ಸಾರಿನ ಮಾತು ಸುಳ್ಳು. ಗಂಡ ತೀರಿಕೊಂಡ ಮೇಲೆ ಕಾಲುವೆ ಕೆಳಗಿನ ಒಂದೆಕರೆ ಗದ್ದೆಯನ್ನು ಮೈದುನರ ಬಾಯಿಂದ ಬಿಡಿಸಿಕೊಂಡು, ಪಹಣಿಯಲ್ಲಿ ತನ್ನ ಹೆಸರು ಹತ್ತಿಸಿಕೊಂಡ ಹೆಂಗಸು ಆಕೆ. ಆಕೆ ಹೂಂ ಅಂದರೆ ಮಹಿಳಾ ಸಂಘದ ಇಪ್ಪತ್ತೆರಡು ಮಂದಿಯೂ ಹೂಂ ಅನ್ನುತ್ತಿದ್ದರು.

ಆ ಹೂಂ ಒಮ್ಮೆ ಎಡವಿತು. ಗಂಗಾವತಿಯಲ್ಲಿ ಗಾಜಿನ ಬಾಗಿಲಿನ ಕಚೇರಿ ತೆರೆದಿದ್ದ ಹೊನ್ನಕಣಜ ಎಂಬ ಕಂಪನಿ, ಮೂರು ವರ್ಷಕ್ಕೆ ದುಪ್ಪಟ್ಟು ಕೊಡುತ್ತೇವೆ ಎಂದಿತು. ಅದರ ನಿರ್ದೇಶಕ ಗುರುಬಸವ 'ತಾಯಂದಿರೇ' ಎಂದು ಕೈಮುಗಿದ ಕೂಡಲೇ ಪಕ್ಕೀರವ್ವ ಕರಗಿಹೋಗಿ, ಸಂಘದವರ ಗಂಟನ್ನೆಲ್ಲ ಅಲ್ಲಿ ಇಡಿಸಿದಳು. ಎರಡನೆಯ ವರ್ಷಕ್ಕೇ ಗಾಜಿನ ಬಾಗಿಲಿಗೆ ಬೀಗ ಬಿತ್ತು. ಸಂಘದ ಹೆಂಗಸರು ಎದುರಾದರೆ ಆಕೆ ಸೆರಗು ಎಳೆದುಕೊಂಡು ಬೇರೆ ಓಣಿ ಹಿಡಿಯತೊಡಗಿದಳು. ರೊಕ್ಕ ಹೋದದ್ದಕ್ಕಿಂತ ಇದೇ ಆಕೆಯನ್ನು ಹೆಚ್ಚು ಸುಟ್ಟಿತು.

ಕೋಳಿ ಕದ್ದವನಿಗೆ ಮೊದಲು ಪೊಲೀಸರ ಏಟು, ಆಮೇಲೆ ಜಾಮೀನು. ಕೋಟಿ ನುಂಗಿದವನ ದಾರಿಯೇ ಬೇರೆ. ಹಿಡಿಯುವ ಮೊದಲೇ 'ನನ್ನನ್ನು ಹಿಡಿದಾರೆಂಬ ಅಂಜಿಕೆ ಇದೆ' ಎಂದು ಅರ್ಜಿ ಹಾಕಿ ಪಡೆಯುವ ಜಾಮೀನೊಂದಿದೆ. ಅದಕ್ಕೆ ನಿರೀಕ್ಷಣಾ ಜಾಮೀನು ಎನ್ನುತ್ತಾರೆ. ಕೊಪ್ಪಳದ ಕೋರ್ಟಿನಲ್ಲಿ ಗುರುಬಸವನಿಗೆ ಅದು ಸಿಕ್ಕಿತು. ಆದರೆ ಹದಿನೈದು ದಿನದೊಳಗೆ ಜಿಲ್ಲೆಯೊಳಗೆ ಜಮೀನುಳ್ಳ ಒಬ್ಬರು ಅವನ ಪರ ಜಾಮೀನು ನಿಲ್ಲಬೇಕು ಎಂಬ ಷರತ್ತಿತ್ತು. ಅಣ್ಣ ಪಹಣಿಯಲ್ಲಿ ಹೆಸರು ತಪ್ಪಾಗಿದೆ ಎಂದ. ಬೀಗರು ಸರ್ವರ್ ಡೌನ್ ಎಂದರು. ಅವನನ್ನು ಚೆನ್ನಾಗಿ ಬಲ್ಲವರು ಅವರೇ ತಾನೆ!

ಹದಿಮೂರನೆಯ ದಿನ ಗುರುಬಸವ ಶಾಲೆಯ ಅಡುಗೆಮನೆ ಬಾಗಿಲಲ್ಲಿ ನಿಂತಿದ್ದ.

"ಅಕ್ಕಾರ, ನೀವೊಬ್ರ ದಿಕ್ಕು ನನಗ. ನಾ ಒಳಗ ಹೋದ್ರ ನಿಮ್ಮ ರೊಕ್ಕ ಯಾರು ಕೊಡ್ತಾರ ಹೇಳ್ರಿ? ಹೊರಗ ಇದ್ರ ಮೊದಲ ನಿಮ್ಮ ಸಂಘಕ್ಕ ಕೊಡ್ತೀನ್ರಿ."

"ಆತು, ಬರ್ತೀನ್ರಿ," ಎಂದಳು ಪಕ್ಕೀರವ್ವ, ಕೈಯಲ್ಲಿನ ಸೌಟು ಕೆಳಗಿಡದೆ.

ಸುದ್ದಿ ತಿಳಿದು ಸಂಘದ ನೇತ್ರಾವತಿ ಮನೆಗೇ ಬಂದು ಹರಿಹಾಯ್ದಳು: "ಮೊದಲ ನಮ್ಮ ರೊಕ್ಕ ಕೊಟ್ಟಿ, ಈಗ ನಿನ್ನ ಹೊಲಾನೂ ಕೊಡ್ತಿ ಏನಕ್ಕ? ಅಂವ ಓಡಿ ಹೋದ್ರ ಏನ್ ಮಾಡ್ತಿ?"

ಅಂಜಿಕೆ ಪಕ್ಕೀರವ್ವನಿಗೂ ಇತ್ತು. ಆದರೆ ಆಕೆಯ ಅಂಜಿಕೆಗೆ ಅರ್ಜಿ ತೆಗೆದುಕೊಳ್ಳುವ ಕೋರ್ಟು ಯಾವುದೂ ಇರಲಿಲ್ಲ.

ಮರುದಿನ ಕೊಪ್ಪಳದ ಕೋರ್ಟಿನ ಎದುರು, ಅರ್ಜಿ ಟೈಪು ಮಾಡುವ ಲಾಲಬೀಯನ್ನು ಆಕೆ ಒಂದೇ ಮಾತು ಕೇಳಿದಳು: "ಒಮ್ಮಿ ಜಾಮೀನು ನಿಂತ ಮ್ಯಾಲ ಹಿಂದ ಸರೀಲಿಕ್ಕೆ ಬರತೈತೇನವ್ವ?"

"ಯಾವಾಗ ಬೇಕಾದ್ರೂ ಸರೀಬಹುದ್ರಿ. ನನಗ ಬ್ಯಾಡ ಅಂತ ಕೋರ್ಟಿಗೆ ಅರ್ಜಿ ಕೊಟ್ರಾತು. ಆವಾಗ ಅವರು ಬ್ಯಾರೆದವ್ರನ್ನ ತರಬೇಕು, ಇಲ್ಲಾಂದ್ರ ಸೀದಾ ಒಳಗ."

"ಹಂಗಾದ್ರ ಎರಡೂ ಟೈಪ್ ಮಾಡು. ಎರಡನೇದಕ್ಕ ತಾರೀಖು ಹಾಕಬ್ಯಾಡ."

ಒಳಗೆ ನ್ಯಾಯಾಧೀಶರು, ಇವರು ನಿಮಗೆ ಗೊತ್ತೇ ಎಂದು ಕೇಳಿದರು. "ಭಾಳ ಛಲೋ ಗೊತ್ರೀ," ಎಂದಳು. ಆಮೇಲೆ ಸಹಿ ಮಾಡಿದಳು. ಹೊರಗೆ ಬಂದು ಗುರುಬಸವ ಕಾರಿನ ಬಾಗಿಲು ತೆಗೆಯುತ್ತಿದ್ದಂತೆ, ಎರಡನೆಯ ಕಾಗದವನ್ನು ಅವನ ಕಣ್ಣೆದುರು ಹಿಡಿದಳು.

"ಸೋಮವಾರಕ್ಕೊಮ್ಮೆ ಇಬ್ಬಿಬ್ರ ರೊಕ್ಕ ಬರಬೇಕ್ರಿ. ಒಂದು ವಾರ ತಪ್ಪಿದ್ರ ಇದಕ್ಕ ತಾರೀಖು ಬೀಳತೈತಿ."

ಗುರುಬಸವ ಎದೆ ಹಿಡಿದುಕೊಂಡ. ಅಲ್ಲಿಯವರೆಗೆ ಎದೆನೋವು ಅವನಿಗೆ ವಕೀಲರು ಹೇಳಿದಾಗ ಮಾತ್ರ ಬರುತ್ತಿತ್ತು. ಈ ಸಲ ಹೇಳದೆಯೇ ಬಂತು. ಮೂರನೆಯ ವಾರಕ್ಕೆ ಕಾರು ಹೋಯಿತು, ಏಳನೆಯದಕ್ಕೆ ಹೆಂಡತಿಯ ಹೆಸರಿನ ಸೈಟು. ಹನ್ನೊಂದನೆಯ ಸೋಮವಾರ ಕೊನೆಯ ಇಬ್ಬರ ಕೈಗೆ ರೊಕ್ಕ ಇಟ್ಟು ಮನೆಗೆ ಬಂದ ಪಕ್ಕೀರವ್ವ, ಬಾಗಿಲು ಮುಂದೆ ಮಾಡಿಕೊಂಡು ಮನಸಾರೆ ಅತ್ತಳು.

ಈಚೆಗೆ ಕಂಪನಿಯ ಇನ್ನಿಬ್ಬರು ನಿರ್ದೇಶಕರಿಗೂ ನಿರೀಕ್ಷಣಾ ಜಾಮೀನು ಸಿಕ್ಕಿದೆ. ಕುಷ್ಟಗಿ, ಯಲಬುರ್ಗಾ ಕಡೆಯ ಮೋಸಹೋದ ಹೆಂಗಸರೆಲ್ಲ ಪಹಣಿ ಹಿಡಿದುಕೊಂಡು ಬಂದು, ನಾ ನಿಲ್ಲುತ್ತೇನೆ, ನಾ ನಿಲ್ಲುತ್ತೇನೆ ಎಂದು ಕೋರ್ಟಿನೆದುರು ಪಾಳಿ ಹಚ್ಚಿದ್ದಾರೆ. ನಿರ್ದೇಶಕರಿಬ್ಬರೂ ಜೈಲಿನಲ್ಲಿ ಊಟ ಹೇಗಿರುತ್ತದೆ ಎಂದು ವಕೀಲರನ್ನು ವಿಚಾರಿಸುತ್ತಿದ್ದಾರಂತೆ.