ಅತ್ತೆ ಕಾಲಯಂತ್ರ ಹತ್ತಿದ್ದು

ವಿನೋಬನಗರದ ನಮ್ಮ ಓಣಿಯ ಹೆಂಗಸರೆಲ್ಲ ಸೇರಿ ಕಳೆದ ವರ್ಷ ರಾಜ್ಯೋತ್ಸವಕ್ಕೆ ನಾಟಕ ಆಡಬೇಕೆಂದು ನಿರ್ಧರಿಸಿದಾಗ, ಬರೆಯುವ ಕೆಲಸ ನನ್ನ ತಲೆಗೆ ಬಿತ್ತು. ಕಾಲೇಜಿನಲ್ಲಿ ಕನ್ನಡ ಪಾಠ ಮಾಡುವವಳಿಗೆ ನಾಟಕ ಬರೆಯುವುದು ಉಪ್ಪಿಟ್ಟು ಕೆದಕಿದಷ್ಟೇ ಸಲೀಸು ಎಂದು ಅವರ ನಂಬಿಕೆ. ನಾನೂ ಬಿಂಕದಿಂದ ಒಪ್ಪಿಕೊಂಡೆ. ಕಥೆ ಇಷ್ಟೇ: ಅತ್ತೆಯ ಕಾಟಕ್ಕೆ ಬೇಸತ್ತ ಸೊಸೆಯೊಬ್ಬಳು ಕಾಲಯಂತ್ರ ಹತ್ತಿ ಹಿಂದಕ್ಕೆ ಹೋಗುತ್ತಾಳೆ. ಆಗಷ್ಟೇ ಮದುವೆಯಾಗಿ ಬಂದಿರುವ ಎಳೆಯ ಅತ್ತೆಯನ್ನು ಹಿಡಿದು ಕೂರಿಸಿ, ಮುಂದೆ ಸೊಸೆಯೊಂದಿಗೆ ಹೇಗಿರಬೇಕೆಂದು ಬುದ್ಧಿ ಹೇಳಿ ಬರುತ್ತಾಳೆ.

ಸೊಸೆಯ ಪಾತ್ರ ನನ್ನದೇ. ಇದಕ್ಕೂ ನನ್ನ ಸ್ವಂತ ಅತ್ತೆಗೂ ಏನೂ ಸಂಬಂಧವಿಲ್ಲವೆಂದು ಎಲ್ಲರಿಗೂ ಹೇಳಿದೆ. ಯಾರೂ ನಂಬಲಿಲ್ಲ.

ಯಂತ್ರ ಮಾಡುವ ಹೊಣೆ ಮೈದುನನದು. ಹರಿಹರದಲ್ಲಿ ಗೇಟು, ಗ್ರಿಲ್ಲು ಮಾಡುವ ವೆಲ್ಡಿಂಗ್ ಶೆಡ್ಡು ಅವನಿಗಿದೆ. ರಟ್ಟಿಗೆ ಬಣ್ಣದ ಕಾಗದ ಅಂಟಿಸಿದರೆ ಸಾಕು ಎಂದಿದ್ದೆ. ಅವನು ಬಿಡಬೇಕಲ್ಲ.

“ಅತ್ತಿಗೆ, ಇದು ಬರೇ ಹಿಂದಕ್ಕೆ ಹೋಗ್ಬೇಕಾ, ಮುಂದಕ್ಕೂ ಬರ್ಬೇಕಾ?” ಎಂದು ಫೋನ್ ಮಾಡಿದ.

“ವಾಪಸ್ ಬರ್ಬೇಕಲ್ಲಪ್ಪ. ನಿಮ್ಮಣ್ಣಗೆ ಅಡಿಗೆ ಯಾರು ಮಾಡ್ತಾರೆ?”

“ಹಂಗಾದ್ರೆ ರಿವರ್ಸ್ ಹಾರ್ನ್ ಬೇಕೇ ಬೇಕು.”

ಹಾಕಿಯೇಬಿಟ್ಟ. ಹಳೆಯ ಕಬ್ಬಿಣದ ಬೀರುವಿನ ಹಿಂಭಾಗವನ್ನೂ ಕೊಯ್ದು ಬಾಗಿಲು ಮಾಡಿದ್ದ. ಒಳಗೆ ಸೀರಿಯಲ್ ಲೈಟು, ಪಕ್ಕದಲ್ಲೊಂದು ಸ್ಕೂಟರಿನ ಕಿಕ್ಕು. ಒದ್ದರೆ, ಲಾರಿ ಹಿಂದೆ ಸರಿಯುವಾಗ ಕೇಳುವ ಕುಂಯ್ ಕುಂಯ್. ಗೂಡ್ಸ್ ಆಟೋದಲ್ಲಿ ತರುವಾಗ ದಾರಿಯಲ್ಲಿ ಬಾತಿ ಊರಿನ ಹತ್ತಿರ ಚಹಾಕ್ಕೆ ನಿಲ್ಲಿಸಿದನಂತೆ. ಜನ ಸೇರಿ ಇದೇನೆಂದು ಕೇಳಿದ್ದಕ್ಕೆ ಕಾಲಯಂತ್ರ ಎಂದನಂತೆ. ಹಿರಿಯರೊಬ್ಬರು ಬಾಗಿಲು ತಟ್ಟಿ ನೋಡಿ, “ಗಟ್ಟಿ ಐತೆ ಬಿಡ್ರಿ. ಜೋಳ ತುಂಬಿಟ್ರೂ ಇಲಿ ಬರಂಗಿಲ್ಲ” ಎಂದು ಮೆಚ್ಚಿಕೊಂಡರಂತೆ.

ತಾಲೀಮು ನಮ್ಮ ಮನೆಯ ಹಾಲಿನಲ್ಲೇ ನಡೆಯುತ್ತಿತ್ತು. ಅತ್ತೆ ಮೂಲೆಯಲ್ಲಿ ಬೆಳ್ಳುಳ್ಳಿ ಬಿಡಿಸುತ್ತಾ ಎಲ್ಲ ಕೇಳಿಸಿಕೊಳ್ಳುತ್ತಿದ್ದರು. ಮದುಮಗಳ ಪಾತ್ರದಲ್ಲಿದ್ದ ಎದುರುಮನೆಯಾಕೆ ಒಲೆಯ ಮುಂದೆ ಕೂತು ನಾಚಿದಾಗ ಮಾತ್ರ ಅವರಿಗೆ ತಡೆಯಲಾಗುತ್ತಿರಲಿಲ್ಲ.

“ಸೌದೆ ಹೊಗೆಯಾಗೆ ಕೂತೋಳಿಗೆ ನಾಚಿಕೆ ಎಲ್ಲಿಂದ ಬರ್ಬೇಕವ್ವ? ಕೆಮ್ಮು ಬರ್ತೈತೆ.”

ನಾಟಕದ ದಿನ ಬೆಳಿಗ್ಗೆ ಎದುರುಮನೆಯಾಕೆಗೆ ಗಂಟಲು ಕಟ್ಟಿತು. ಎಲ್ಲರೂ ಕೈಚೆಲ್ಲಿ ಕೂತಾಗ ಅತ್ತೆ ಸೀರೆ ಕೊಡವಿಕೊಂಡು ಎದ್ದರು.

“ನಾನು ಮಾಡ್ತೀನಿ. ಮಾತೆಲ್ಲ ಬಾಯಿಗೆ ಬರ್ತಾವೆ.”

“ಅತ್ತೆ, ಅದು ಹರೇದ ಹುಡುಗಿ ಪಾರ್ಟು ರೀ.”

“ಯಾಕ, ನಾನು ಹುಟ್ಟಿದಾಗ್ಲೇ ಮುದುಕಿ ಆಗಿದ್ನೇನು?”

ಸಂಜೆ ಓಣಿಯ ತುದಿಯ ಶಾಮಿಯಾನ ತುಂಬಿತ್ತು. ನಾನು ಬೀರುವಿನೊಳಗೆ ಹೊಕ್ಕು ಕಿಕ್ ಒದ್ದೆ. ಹಾರ್ನ್ ಕೂಗಿತು. ಸಭಿಕರಲ್ಲೊಬ್ಬರು ಲಾರಿ ಕ್ಲೀನರಿನಂತೆ “ಬರ್ಲಿ, ಬರ್ಲಿ, ರೈಟ್!” ಎಂದು ಕೂಗಿದರು. ಹಿಂದಿನ ಬಾಗಿಲಿನಿಂದ ಇಳಿದು ಒಲೆಯ ಬಳಿ ಬಂದೆ. ತಲೆತುಂಬ ಸೆರಗು ಹೊದ್ದ ಅತ್ತೆ ಊದುಗೊಳವೆ ಕೆಳಗಿಟ್ಟು ನನ್ನನ್ನು ನೋಡಿದರು.

“ಯಾರವ್ವ ನೀನು?”

“ನಿಮಗೆ ಮುಂದೆ ಸೊಸೆ ಆಗಿ ಬರೋಳು ರೀ.”

ಇಲ್ಲಿಂದ ನನ್ನ ಉಪದೇಶ ಶುರುವಾಗಬೇಕಿತ್ತು. ಅತ್ತೆ ಅವಕಾಶ ಕೊಡಲಿಲ್ಲ.

“ಹಂಗಾದ್ರೆ ಕೂಡು. ಅಷ್ಟು ದೂರದಿಂದ ಬಂದೀಯ. ಒಂದು ಹೇಳು, ಮುಂದೆ ನಾನು ಹೆಂಗಿರ್ತೀನಿ?”

ನಾನು ಬರೆದ ಮಾತಲ್ಲ ಇದು. ತೋಚಿದ್ದು ಹೇಳಿದೆ: “ದಿನಾ ಕಾಫಿ ತಣ್ಣಗಾಗೈತೆ ಅಂತೀರಿ.”

“ಅದು ಬಿಟ್ರೆ?”

“ಅದು ಬಿಟ್ರೆ... ಪರವಾಗಿಲ್ರಿ.”

ಶಾಮಿಯಾನವೆಲ್ಲ ನಕ್ಕಿತು. ಅತ್ತೆ ನಗಲಿಲ್ಲ. ಊದುಗೊಳವೆಯನ್ನು ನನ್ನ ಕೈಗಿತ್ತು ಎದ್ದರು.

“ನಿಮ್ಮ ಕಾಲದಾಗೆ ಗ್ಯಾಸ್ ಐತಂತಲ್ಲ. ನಾನು ಹೋಗಿ ನೋಡ್ಕೊಂಡು ಬರ್ತೀನಿ, ನೀನು ಒಲೆ ನೋಡ್ಕೊ.”

ಬೀರು ಹೊಕ್ಕರು. ಕಿಕ್ ಒದೆಯಲು ಮಂಡಿ ಬಿಡದೆ, ಬಾಯಲ್ಲೇ ಕುಂಯ್ ಕುಂಯ್ ಎಂದರು. ಆಚೆ ಬಾಗಿಲಿನಿಂದ ಇಳಿದು ನೇರ ಮುಂದಿನ ಸಾಲಿನ ಕುರ್ಚಿಯಲ್ಲಿ ಹೋಗಿ ಕೂತುಬಿಟ್ಟರು. ಪರದೆ ಹಿಡಿದಿದ್ದ ಮೈದುನ ಗಾಬರಿಯಾಗಿ, “ಅತ್ತಿಗೆ, ನೀವೇ ಹಿಂದೆ ಉಳಿದ್ರಲ್ರಿ!” ಎಂದು ಗಟ್ಟಿಯಾಗಿಯೇ ಕೂಗಿದ. ಅವನು ಪರದೆ ಎಳೆಯುವವರೆಗೂ ನಾನು ಬೆಂಕಿಯಿಲ್ಲದ ಒಲೆ ಊದುತ್ತಾ ಕೂತಿದ್ದೆ. ಸಿಟ್ಟೂ ಬಂದಿತ್ತು, ನಗುವೂ ಬಂದಿತ್ತು.

ಎಲ್ಲ ಮುಗಿದ ಮೇಲೆ ಅತ್ತೆಯ ಪಕ್ಕದ ಕುರ್ಚಿಯಲ್ಲಿ ಕೂತು, “ಯಾಕ ರೀ ಹಂಗೆ ಮಾಡಿದ್ರಿ? ನನ್ನ ನಾಟಕದ ಗತಿ ಏನು?” ಎಂದೆ.

“ನೀನು ಬರ್ದಿದ್ದು ಬರೀ ಬುದ್ಧಿ ಹೇಳೋ ಮಾತು” ಎಂದರು. “ಹರಿಹರದ ಮನೆಗೆ ಸೊಸೆಯಾಗಿ ಬಂದಾಗ ನಂಗೆ ಬುದ್ಧಿ ಹೇಳೋರು ಮಸ್ತ್ ಜನ ಇದ್ರು. ಕೂಡ್ಸಿಕೊಂಡು ಮಾತಾಡ್ಸೋರು ಒಬ್ರೂ ಇರ್ಲಿಲ್ಲ. ನಿನ್ನ ನೋಡಿದ ಕೂಡ್ಲೇ ಅದೇ ನೆನಪಾತು. ಬಂದೀಯಲ್ಲ, ಕೇಳಾಣ ಅನ್ನಿಸ್ತು.”

ಮದುವೆಯಾಗಿ ಇಷ್ಟು ವರ್ಷವಾದರೂ ಆ ದಿನಗಳ ಬಗ್ಗೆ ನಾನು ಅವರನ್ನು ಏನೂ ಕೇಳಿರಲಿಲ್ಲ ಎಂಬುದು ಆಗ ಹೊಳೆಯಿತು. “ಆಮೇಲೆ ಏನಾತು ರೀ?” ಎಂದೆ.

ಅವರು ಹೇಳತೊಡಗಿದರು. ಶಾಮಿಯಾನದವರು ಬಂದು ಕುರ್ಚಿ ಕೇಳಿದಾಗ ಅತ್ತೆ ಇನ್ನೂ ಮದುವೆಯಾದ ಮೊದಲ ತಿಂಗಳಲ್ಲೇ ಇದ್ದರು. ಉಳಿದ ಕುರ್ಚಿಗಳನ್ನೆಲ್ಲ ಮೊದಲು ತೆಗೆದುಕೊಂಡು ಹೋಗ್ರಪ್ಪ ಎಂದು ಅವರಿಗೆ ಹೇಳಿದೆ.