ಅಪ್ಪನ ಹತ್ತಿರ ಎರಡು ಗಂಟೆ

ತಮಿಳುನಾಡಿನ ಧರ್ಮಪುರಿಯಲ್ಲಿ ದೊಡ್ಡಮ್ಮನ ವೀಸಾ ಫೋಟೊ ತೆಗೆಸಿ, ಮಾರಂಡಹಳ್ಳಿ ಬಸ್ಸಿಗೆ ಕಾಯುತ್ತಾ ನಿಲ್ದಾಣದ ಟೀ ಅಂಗಡಿಯಲ್ಲಿ ಕುಳಿತಿದ್ದೇವೆ. ಆಕೆಗೆ ಎಂಬತ್ತು ದಾಟಿದೆ. ಆಕೆ ಇನ್ನೂ ತಾಯಿಯ ಹೊಟ್ಟೆಯಲ್ಲಿದ್ದಾಗ ಆಕೆಯ ಅಪ್ಪ ಎರಡನೇ ಮಹಾಯುದ್ಧಕ್ಕೆಂದು ಬ್ರಿಟಿಷರ ಸೇನೆಯ ಜೊತೆ ಇಟಲಿಗೆ ಹೋಗಿ, ಅಲ್ಲೇ ತೀರಿಕೊಂಡರು.

ಯೂರೋಪಿನಲ್ಲಿ ಯುದ್ಧ ನಡೆದ ಜಾಗಗಳನ್ನು ನೋಡಿಬರಲು ನಾನು ಮಾಡಿದ್ದ ಪಟ್ಟಿಯನ್ನು ಆಕೆಗೆ ಓದಿ ಹೇಳಿದೆ: ಪ್ಯಾರಿಸ್, ಬರ್ಲಿನ್, ವಾರ್ಸಾ, ಕೊನೆಗೆ ಇಟಲಿಯ ಸೈನಿಕರ ಸ್ಮಶಾನ.

"ಅಪ್ಪನತ್ರ ಎಷ್ಟೊತ್ತು ಇರ್ತೀವಿ?"

"ಎರಡು ಗಂಟೆ. ಸಮಾಧಿ ಇಲ್ಲ ದೊಡ್ಡಮ್ಮ, ಸುಟ್ಬುಟ್ರಂತೆ. ಕಲ್ಲಿನ ಮ್ಯಾಲೆ ಎಸ್ರು ಕೆತ್ತವ್ರೆ."

ಇದನ್ನು ಹೇಳಲು ತಿಂಗಳಿಂದ ಹೆದರಿದ್ದೆ.

"ಎಸ್ರು ಐತಲ್ಲ, ಪೋದುಂ, ಸಾಕು. ಆದ್ರೆ ಎರಡು ಗಂಟೆ ಸಾಲ್ದು ಕಣ್ಣು, ನನ್ ಕಂದ. ನಾನು ಅಪ್ಪನ ಮೊಖಾನೇ ನೋಡಿಲ್ಲ. ಬೆಳಿಗ್ಗೆ ಓಗಿ ಸಾಯಂಕಾಲದಗಂಟ ಕುಂತಿರ್ಬೇಕು."

ನಾನು ಪೆನ್ನು ತೆಗೆದು ಒಂದು ಊರಿನ ಮೇಲೆ ಗೆರೆ ಎಳೆದೆ.

"ಯಾವೂರು ಬುಟ್ಟೆ?"

"ಬರ್ಲಿನ್. ಆ ಯುದ್ಧ ಸುರು ಮಾಡ್ದೋರ ಊರು."

"ಬುಡು, ಅಲ್ಲೇನು ಕೆಲ್ಸ ನಮ್ಗೆ" ಎಂದು ದೊಡ್ಡಮ್ಮ ನೆಮ್ಮದಿಯಾಗಿ ಟೀ ಲೋಟ ಎತ್ತಿಕೊಂಡಳು.